ಕೊಸರಿಗೆ ಬಂದ ಪುಸ್ತಕ

ನಮ್ಮ ಸರ್ಕಲ್ಲಿನಲ್ಲಿ ಹೊಸದಾಗಿ ಅಂಗನವಾಡಿ ಕೆಲಸಕ್ಕೆ ಸೇರಿದ ಹುಡುಗಿಯರು ಮೀಟಿಂಗ್ ಮುಗಿದ ಮೇಲೆ ನನ್ನ ಸುತ್ತ ಕೂತು, ನಾಗಲಿಂಗಮ್ಮ ಟೀಚರ್ರೆ, ಸಣ್ಣ ಮಕ್ಕಳಿಗೆ ಎಂಥ ಪುಸ್ತಕ ತರಬೇಕು, ನೀವು ಆರಿಸಿದ್ದನ್ನು ಮಕ್ಕಳು ಕೈಬಿಡುವುದೇ ಇಲ್ಲವಂತೆ, ಅಂತ ಕೇಳುತ್ತಾರೆ. ಕೇಳಿದಾಗೆಲ್ಲ ನನಗೆ ಒಳಗೊಳಗೇ ನಾಚಿಕೆ. ಯಾಕೆಂದರೆ ನನ್ನ ಬುದ್ಧಿಯೆಲ್ಲ ಖರ್ಚು ಮಾಡಿ ನಾನು ಮೊದಲು ಆರಿಸಿದ ಪುಸ್ತಕಗಳಿಂದ ಒಂದು ಕೂಸಿಗೂ ಏನೂ ಆಗಲಿಲ್ಲ. ಆಗಿದ್ದು ನಾನು ಬೇಡ ಅಂದ ಪುಸ್ತಕದಿಂದ. ಇದನ್ನೆಲ್ಲ ಹೇಳುತ್ತಾ ಕೂತರೆ ಆ ಹುಡುಗಿಯರಿಗೆ ಸಂಜೆಯ ಬಸ್ಸು ತಪ್ಪುತ್ತದೆ. ಅದಕ್ಕೇ ಬರೆದಿಡುತ್ತಿದ್ದೇನೆ, ಬೇಕಾದವರು ಓದಿಕೊಳ್ಳಲಿ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ನನಗೆ ಸಿಟ್ಟು ಬೇಗ ಬರುತ್ತದೆ, ಬಂದದ್ದು ಬೇಗ ಹೋಗುವುದಿಲ್ಲ. ನಿನ್ನ ಬಾಯಿಗೆ ಅಂಜಿಯೇ ನಮ್ಮ ಎಮ್ಮೆ ಒಂದು ಲೋಟ ಹಾಲು ಹೆಚ್ಚಿಗೆ ಕೊಡುತ್ತದೆ ಅಂತ ನಮ್ಮ ಮನೆಯವರು ಮಂಜಣ್ಣ ಮದುವೆಯಾದ ವರ್ಷದಿಂದ ಹೇಳಿಕೊಂಡು ಬಂದಿದ್ದಾರೆ. ನನಗೂ ಅದರ ಬಗ್ಗೆ ಸ್ವಲ್ಪ ಹೆಮ್ಮೆಯೇ ಇತ್ತು. ಟೀಚರಮ್ಮ ಅಂದಮೇಲೆ ಮಕ್ಕಳು ಅಂಜಬೇಕು ಅನ್ನುವುದು ನನ್ನ ಲೆಕ್ಕ.

ನಮ್ಮೂರು ಹರಪನಹಳ್ಳಿಯಿಂದ ಬಾಗಳಿಗೆ ಹೋಗುವ ದಾರಿಯಿಂದ ಒಂದು ಮೈಲಿ ಒಳಗೆ. ಆಗ ತೊಂಬತ್ತೊಂಬತ್ತನೇ ಇಸವಿ. ಅಂಗನವಾಡಿ ಅಂದರೆ ಒಂದೇ ಕೋಣೆ, ಒಂದೇ ಕಿಟಕಿ, ಇಪ್ಪತ್ತಮೂರು ಮಕ್ಕಳು, ನಾನು, ಮತ್ತು ಅಡುಗೆ ಮಾಡಿ ಮಕ್ಕಳ ಮುಖ ತೊಳೆಸುವ ಸಹಾಯಕಿ ಜೈನಾಬ್ ಬೀ. ಆಕೆ ನನಗಿಂತ ಹತ್ತು ವರ್ಷ ದೊಡ್ಡವಳು. ಗಂಡ ತೀರಿಕೊಂಡ ಮೇಲೆ ಆರು ಮೊಮ್ಮಕ್ಕಳನ್ನು ತೊಡೆಯ ಮೇಲೆ ಬೆಳೆಸಿದವಳು. ಒಂದಕ್ಷರ ಬರುವುದಿಲ್ಲ. ಹಾಜರಿ ಪುಸ್ತಕದಲ್ಲಿ ಹೆಬ್ಬೆಟ್ಟು ಒತ್ತುವಾಗ ಮಾತ್ರ ಸ್ವಲ್ಪ ಮುಖ ಸಣ್ಣದು ಮಾಡಿಕೊಳ್ಳುತ್ತಿದ್ದಳು, ಮಿಕ್ಕಂತೆ ಯಾರಿಗೂ ಸೊಪ್ಪು ಹಾಕುವವಳಲ್ಲ. ನಾನು ಜೈನಾಬಕ್ಕ ಅನ್ನುತ್ತಿದ್ದೆ, ಮಕ್ಕಳಿಗೆ ಆಕೆ ಬರೀ ಬೀ.

ಆ ವರ್ಷ ಸಂಕ್ರಾಂತಿಗೆ ಮುಂಚೆ ನಮ್ಮೂರಿನ ಮೆಕ್ಕೆಜೋಳದ ವ್ಯಾಪಾರಿ ಶಿವಯೋಗಪ್ಪನವರಿಗೆ ಮೊಮ್ಮಗ ಹುಟ್ಟಿದ. ಅವರು ಹರಪನಹಳ್ಳಿಯಲ್ಲಿ ಅಂಗಡಿ ಇಟ್ಟಿದ್ದರೂ ಊರಿನ ಮೇಲೆ ಪ್ರೀತಿ. ಪೇಡೆ ಹಂಚಿದರೆ ತಿಂದು ಕೈ ಒರೆಸಿಕೊಂಡು ಹೋಗುತ್ತಾರೆ, ಅದರ ಬದಲು ಅಂಗನವಾಡಿ ಮಕ್ಕಳಿಗೆ ಚಿತ್ರದ ಪುಸ್ತಕ ಕೊಡಿಸುತ್ತೇನೆ, ನೀವೇ ಹೋಗಿ ಆರಿಸಿಕೊಂಡು ಬರ್ರಿ, ಅಂದರು. ನನಗೆ ನೆಲದ ಮೇಲೆ ಕಾಲು ನಿಲ್ಲಲಿಲ್ಲ. ನಮ್ಮ ಅಂಗನವಾಡಿಯಲ್ಲಿ ಅಲ್ಲಿಯವರೆಗೆ ಇದ್ದದ್ದು ಗೋಡೆಗೆ ಹೊಡೆದ ಎರಡು ಚಾರ್ಟು, ಅದರಲ್ಲೂ ಒಂದನ್ನು ಇಲಿ ಅರ್ಧ ತಿಂದಿತ್ತು.

ಹರಪನಹಳ್ಳಿ ಬಸ್ ಸ್ಟ್ಯಾಂಡಿನ ಹಿಂದೆ ಜಮಾಲುದ್ದೀನರ ಅಂಗಡಿ. ಪಾಟಿ, ಬಳಪ, ನೋಟ್‌ಬುಕ್ಕು, ಮದುವೆ ಕಾರ್ಡು, ಎಲ್ಲ ಸಿಗುತ್ತಿತ್ತು. ಗಂಟು ಹೊರಲಿಕ್ಕೆ ಅಂತ ಜೈನಾಬಕ್ಕನನ್ನೂ ಕರೆದುಕೊಂಡು ಹೋದೆ. ನಾನು ಆರಿಸುವ ರೀತಿ ಹೇಗಿತ್ತು ಅಂದರೆ, ಸಂತೆಯಲ್ಲಿ ಬದನೆಕಾಯಿ ಆರಿಸುವವರಂತೆ. ಯಾವುದರಲ್ಲಿ ಅಕ್ಷರ ಜಾಸ್ತಿ, ಯಾವುದರಲ್ಲಿ ಚಿತ್ರ ಜಾಸ್ತಿ, ಅದು ಒಳ್ಳೆಯದು. ಒಂದು ಪುಟದಲ್ಲಿ ಹದಿನಾರು ಚಿತ್ರ, ಪ್ರತಿ ಚಿತ್ರದ ಕೆಳಗೆ ಕನ್ನಡದಲ್ಲೊಂದು ಇಂಗ್ಲಿಷಿನಲ್ಲೊಂದು ಹೆಸರು ಇರುವ ಪುಸ್ತಕ ಸಿಕ್ಕಿತು. ಇದಪ್ಪಾ ಪುಸ್ತಕ ಅಂದರೆ, ಅಂದುಕೊಂಡು ಅಂಥವೇ ಹನ್ನೆರಡು ತೆಗೆದೆ. ರಾಜರ ಕಥೆ, ನೀತಿ ಕಥೆ, ಒಂದೊಂದು ಪುಟ ತುಂಬ ಇರುವೆ ಸಾಲಿನಂಥ ಅಕ್ಷರ, ಅವೂ ಆರು ತೆಗೆದೆ. ನಾಲ್ಕು ವರ್ಷದ ಮಕ್ಕಳಿಗೆ ಇವೆಲ್ಲ ಯಾಕೆ ಅಂತ ನನ್ನ ತಲೆಗೆ ಹೊಳೆಯಲೇ ಇಲ್ಲ.

ಜೈನಾಬಕ್ಕ ಅಷ್ಟು ಹೊತ್ತು ಅಂಗಡಿಯ ನೆಲದ ಮೇಲೆ ಕುಕ್ಕರಗಾಲಿನಲ್ಲಿ ಕೂತು, ಕೆಳಗಿನ ಖಾನೆಯಲ್ಲಿ ಧೂಳು ಹಿಡಿದಿದ್ದ ಒಂದು ಪುಸ್ತಕವನ್ನು ತಿರುಗಿಸಿ ಮುರುಗಿಸಿ ನೋಡುತ್ತಿದ್ದಳು. ದಪ್ಪ ರಟ್ಟಿನ ಪುಟಗಳು, ಎಲ್ಲ ಸೇರಿ ಹತ್ತೋ ಹನ್ನೆರಡೋ. ಒಂದು ಪುಟಕ್ಕೆ ಒಂದೇ ಚಿತ್ರ. ಹುಂಜ ಅಂದರೆ ಪುಟದ ತುಂಬ ಹುಂಜ. ಚೊಂಬು ಅಂದರೆ ಪುಟದ ತುಂಬ ಚೊಂಬು. ಎಲ್ಲೂ ಒಂದಕ್ಷರವಿಲ್ಲ. ಆಕೆ ಅದರ ಮೂಲೆಯನ್ನು ಹೆಬ್ಬೆರಳಿನಿಂದ ಒತ್ತಿ, ಚೂಪು ಇಲ್ಲ ಅಂತ ಖಾತ್ರಿ ಮಾಡಿಕೊಂಡು, ಇದು ತಗೊಳ್ಳಿ ಅಂದಳು. ಕೂಸು ಪುಸ್ತಕ ಸಿಕ್ಕರೆ ಮೊದಲು ಬಾಯಲ್ಲಿ ಇಟ್ಟುಕೊಳ್ಳುತ್ತದೆ, ಇದಾದರೆ ಕಡಿದರೂ ಹರಿಯುವುದಿಲ್ಲ, ಎಂಜಲು ಒರೆಸಿದರೆ ಹೋಗುತ್ತದೆ, ಅನ್ನುವುದು ಆಕೆಯ ವಾದ. ನನಗೆ ನಗು ಬಂತು. ಪುಸ್ತಕ ಅಂದರೆ ಕಡಿಯುವ ಕಬ್ಬೇನು, ಅಕ್ಷರವೇ ಇಲ್ಲದ್ದಕ್ಕೆ ಪುಸ್ತಕ ಅನ್ನುತ್ತಾರೇನು, ಒಂದು ಪುಟಕ್ಕೆ ಒಂದೇ ಚಿತ್ರ ಹಾಕಿ ರಟ್ಟು ದಂಡ ಮಾಡಿದ್ದಾರೆ, ಅಂತ ಅಂಗಡಿ ಮಂದಿಯ ಎದುರಿಗೇ ಅಂದುಬಿಟ್ಟೆ. ಆಕೆ ಅದನ್ನು ಇದ್ದಲ್ಲೇ ಇಟ್ಟಳು.

ವ್ಯಾಪಾರ ಮುಗಿದ ಮೇಲೆ ಕೊಸರು ಕೇಳದೆ ಎದ್ದರೆ ನಮ್ಮ ಕಡೆ ಹೆಣ್ಣುಮಕ್ಕಳಿಗೆ ಅವತ್ತು ಅನ್ನ ಇಳಿಯುವುದಿಲ್ಲ. ಸೊಪ್ಪು ಕೊಂಡರೆ ಮೇಲೆ ಎರಡು ದಂಟು, ಬಳೆ ಇಡಿಸಿಕೊಂಡರೆ ಮೇಲೊಂದು ಬಳೆ. ಇಷ್ಟು ಪುಸ್ತಕ ತಗೊಂಡೀವಿ, ಕೊಸರು ಏನು ಕೊಡ್ತೀರಿ ಜಮಾಲಣ್ಣ, ಅಂತ ಕೇಳಿದೆ. ಅವರು ಆಕಡೆ ಈಕಡೆ ನೋಡಿ, ಮೂರು ವರ್ಷದಿಂದ ಯಾರೂ ಮುಟ್ಟಿಲ್ಲ, ಒಯ್ಯಿರಿ ಅಕ್ಕಾರೆ, ಅಂತ ಅದೇ ರಟ್ಟಿನ ಪುಸ್ತಕವನ್ನು ಗಂಟಿನ ಮೇಲೆ ಇಟ್ಟರು. ಬಸ್ಸಿನಲ್ಲಿ ಜೈನಾಬಕ್ಕ ಗಂಟನ್ನು ತೊಡೆಯ ಮೇಲೆ ಇಟ್ಟುಕೊಂಡು ಸುಮ್ಮನೆ ಕಿಟಕಿಯಾಚೆ ನೋಡುತ್ತಿದ್ದಳು, ಆದರೆ ಮುಖ ನಗುತ್ತಿತ್ತು.

ಇನ್ನು ಹೊನ್ನೂರಮ್ಮನ ವಿಷಯ. ಊರ ಮುಂದಿನ ಓಣಿಯ ದ್ಯಾಮಕ್ಕನ ಮೊಮ್ಮಗಳು, ಎಲ್ಲರ ಬಾಯಲ್ಲಿ ಹೊನ್ನೂರಿ. ಐದಕ್ಕೆ ಬಿದ್ದಿತ್ತು. ಅಪ್ಪ ಗಾದಿಲಿಂಗ, ಅವ್ವ ಇಬ್ಬರೂ ದಾವಣಗೆರೆ ಕಡೆ ಇಟ್ಟಿಗೆ ಭಟ್ಟಿಯಲ್ಲಿ ಕೆಲಸಕ್ಕಿದ್ದರು, ಎಳೆಯ ತಮ್ಮ ಅವರ ಜೊತೆ, ಇವಳು ಅಜ್ಜಿಯ ಹತ್ತಿರ. ಹಿಂದಿನ ಜೂನಿನಲ್ಲಿ ದ್ಯಾಮಕ್ಕ ಅವಳ ಕೈ ಹಿಡಿದು ತಂದು ಬಿಟ್ಟಾಗಲೇ, ಸ್ವಲ್ಪ ಮಂಕು ಐತ್ರಿ ಕೂಸು, ಹೊಡೀಬ್ಯಾಡ್ರಿ, ಅಂತ ಹೇಳಿ ಹೋಗಿದ್ದಳು. ನಾನು ಹೊಡೆಯಲಿಲ್ಲ. ಆದರೆ ನನ್ನ ಬಾಯಿಗೆ ಬೀಗ ಇರಲಿಲ್ಲವಲ್ಲ.

ಹೊನ್ನೂರಿ ಕೊಡ ಎಡವುತ್ತಿದ್ದಳು, ಚಪ್ಪಲಿ ಅದಲು ಬದಲು ಹಾಕಿಕೊಳ್ಳುತ್ತಿದ್ದಳು, ಬೇರೆ ಮಕ್ಕಳು ಓಡಿದರೆ ಗೋಡೆ ಹಿಡಿದು ನಿಲ್ಲುತ್ತಿದ್ದಳು. ಚಾರ್ಟಿಗೆ ಕೋಲು ಇಟ್ಟು ಇದೇನು ಅಂತ ಕೇಳಿದರೆ ಬಾಯಿ ಬಿಡುತ್ತಿರಲಿಲ್ಲ, ಬಿಟ್ಟರೆ ಆನೆಗೆ ಬುಟ್ಟಿ ಅನ್ನುತ್ತಿದ್ದಳು. ಮಕ್ಕಳು ನಗುತ್ತಿದ್ದವು, ನಾನೂ ಹೇಳಬಾರದ್ದು ಹೇಳುತ್ತಿದ್ದೆ. ದಡ್ಡಿ ಅಂದೆ. ತಲೆಯಲ್ಲಿ ಸಗಣಿ ತುಂಬಿದೆ ಅಂದೆ. ಬರೆಯಲಿಕ್ಕೆ ನಾಚಿಕೆಯಾಗುತ್ತದೆ, ಆದರೆ ಬಿಟ್ಟು ಬರೆದರೆ ಈ ಕಥೆಗೆ ಅರ್ಥವಿಲ್ಲ. ಒಂದು ಸಲ ಜೈನಾಬಕ್ಕ, ಆ ಕೂಸು ಅನ್ನದ ತಾಟಿಗೂ ಮುಖ ಹಚ್ಚಿ ನೋಡುತ್ತದೆ, ಏನೋ ಆಗಿದೆ, ಅಂದಳು. ಹಸಿದಿರುತ್ತದೆ, ಇನ್ನೊಂದು ಸೌಟು ಹಾಕು, ಅಂದೆ ನಾನು.

ಹೊಸ ಪುಸ್ತಕ ಬಂದ ಮೇಲೆ ಒಂದು ಪದ್ಧತಿ ಮಾಡಿದೆ. ಅಕ್ಷರ ಅಂದರೆ ಸರಸ್ವತಿ. ಕಾಲು ತಾಕಿದರೆ ಮುಟ್ಟಿ ಕಣ್ಣಿಗೆ ಒತ್ತಿಕೊಳ್ಳಬೇಕು ಅಂತ ನಮಗೆಲ್ಲ ಹಾಲು ಕುಡಿಯುವಾಗಲೇ ಕಲಿಸಿದ್ದಾರೆ. ಹಾಗಾಗಿ ದಿನಾ ಮಕ್ಕಳು ಕೈ ತೊಳೆದು ಸಾಲಾಗಿ ಕೂರಬೇಕು. ಒಂದು ಪುಸ್ತಕ ತೆರೆದು ಕೈಗೆ ಕೊಡುತ್ತೇನೆ, ಎರಡು ಕಣ್ಣಿಗೂ ಒತ್ತಿಕೊಳ್ಳಬೇಕು, ನಾನು ಒಂದು ಎರಡು ಮೂರು ಅಂತ ಎಣಿಸುವಷ್ಟರಲ್ಲಿ ಪಕ್ಕದವರಿಗೆ ದಾಟಿಸಬೇಕು. ಎಲ್ಲರದೂ ಆದ ಮೇಲೆ ಪುಸ್ತಕ ನನ್ನ ಕೈಗೆ. ನಾನು ಎದುರಿಗೆ ನಿಂತು ಎತ್ತಿ ಹಿಡಿದು ಕೋಲಿನಿಂದ ತೋರಿಸಿ ಕೇಳುತ್ತಿದ್ದೆ. ಮಕ್ಕಳ ಕೈಯಲ್ಲಿ ಬಿಟ್ಟರೆ ಹರಿದು ಹಾಕುತ್ತವೆ ಅಂತ ಭಯ, ಸಂಜೆ ಎಲ್ಲವನ್ನೂ ಟ್ರಂಕಿಗೆ ಹಾಕಿ ಬೀಗ ಹಾಕುತ್ತಿದ್ದೆ. ಕೊಸರಿನ ಪುಸ್ತಕಕ್ಕೆ ಮಾತ್ರ ಈ ಮರ್ಯಾದೆ ಇಲ್ಲ. ಅಕ್ಷರ ಇಲ್ಲದ ಮೇಲೆ ಅದು ಸರಸ್ವತಿ ಅಲ್ಲ, ಬರೀ ರಟ್ಟು. ಅದನ್ನು ಜೈನಾಬಕ್ಕನ ಒಲೆಯ ಪಕ್ಕದ ಚಾಪೆಯಲ್ಲಿ, ಕೂಲಿಗೆ ಹೋಗುವ ಅವ್ವಂದಿರು ಬಿಟ್ಟುಹೋದ ಎಳೆಯ ಕೂಸುಗಳ ಮುಂದೆ ಎಸೆದಿದ್ದೆ. ಹಲ್ಲು ಬರುವ ಮಕ್ಕಳೆಲ್ಲ ಅದನ್ನು ಕಡಿದವು, ಅದರ ಮೇಲೆ ಕೂತವು, ಆಕೆ ಒರೆಸಿ ಒರೆಸಿ ಮತ್ತೆ ಕೊಟ್ಟಳು.

ಈ ಕಣ್ಣಿಗೆ ಒತ್ತಿಕೊಳ್ಳುವುದರಲ್ಲಿ ಹೊನ್ನೂರಿಯನ್ನು ಮೀರಿಸಿದವರಿಲ್ಲ. ಬೇರೆ ಮಕ್ಕಳು ಟಪ್ಪನೆ ಒತ್ತಿ ದಾಟಿಸಿದರೆ, ಇವಳು ಎಡಗಣ್ಣಿಗೆ ಒಂದು ಸಲ, ಬಲಗಣ್ಣಿಗೆ ಒಂದು ಸಲ, ಆಮೇಲೆ ಪುಸ್ತಕವನ್ನು ಮೆಲ್ಲಗೆ ಕೆಳಗೆ ಸರಿಸಿ ಇನ್ನೊಂದು ಸಲ. ಮೂರು ಅಂದರೂ ಬಿಡುತ್ತಿರಲಿಲ್ಲ, ಪಕ್ಕದ ಕೂಸು ಕಿತ್ತುಕೊಳ್ಳಬೇಕಿತ್ತು. ನನಗೆ ಅದೊಂದೇ ಅವಳಲ್ಲಿ ಮೆಚ್ಚಿಗೆ. ತಲೆ ಇಲ್ಲದಿದ್ದರೂ ಭಕ್ತಿ ಇದೆ ನೋಡ್ರಿ, ಅಂತ ಬೇರೆ ಮಕ್ಕಳಿಗೆ ಹೇಳಿದೆ. ಶಿವಯೋಗಪ್ಪನವರು ಒಂದು ದಿನ ನೋಡಲು ಬಂದಾಗ ಅವಳನ್ನೇ ಎಬ್ಬಿಸಿ ನಿಲ್ಲಿಸಿ ಪುಸ್ತಕ ಕೈಗೆ ಕೊಟ್ಟೆ. ಅವರು ಕೂಡ ಕೈ ಮುಗಿದು, ಎಂಥಾ ಸಂಸ್ಕಾರ, ಅಂದರು. ಆಮೇಲೆ ಓಣಿಯಲ್ಲೆಲ್ಲ ಅದೇ ಮಾತು.

ಮಾರ್ಚಿ ಬಂತು. ಒಂದನೇ ಇಯತ್ತೆಗೆ ಯಾರನ್ನು ಕಳಿಸಬಹುದು ಅಂತ ನಾನು ಶಾಲೆಗೆ ಪಟ್ಟಿ ಕೊಡಬೇಕು. ಹೊನ್ನೂರಿಯ ಹೆಸರು ಬರೆಯಲಿಲ್ಲ. ದ್ಯಾಮಕ್ಕನಿಗೆ ಅದನ್ನು ಹೇಳಲು ಹೋದೆ. ಆಕೆ ಕೇರುತ್ತಿದ್ದ ಮೊರ ಕೆಳಗಿಡಲಿಲ್ಲ. ಹಂಗಾದರೆ ಯುಗಾದಿಗೆ ಮಗ ಬರುತ್ತಾನೆ, ಅವನ ಜೊತೆ ಭಟ್ಟಿಗೆ ಕಳಿಸಿಬಿಡುತ್ತೇನೆ, ಅಲ್ಲಿ ತಮ್ಮನನ್ನಾದರೂ ಆಡಿಸಿಕೊಂಡಿರಲಿ, ಮಂಕು ಕೂಸಿಗೆ ಸಾಲಿ ಯಾಕೆ, ಅಂದಳು. ಸರಿ ಅಂತ ಎದ್ದು ಬಂದೆ. ನೋಡ್ರಿ, ಸರಿ ಅಂತ ಎದ್ದು ಬಂದೆ. ಕೊಡ ಎಡವುವ ಕೂಸನ್ನು ಕೆಂಡ, ಗುಂಡಿ, ಟ್ರಾಕ್ಟರು ಇರುವ ಜಾಗಕ್ಕೆ ಕಳಿಸುವ ಮಾತಿಗೆ ನಾನು ತಲೆಯಾಡಿಸಿ ಬಂದೆ.

ಯುಗಾದಿಗೆ ಹದಿನೈದು ದಿನ ಇತ್ತು. ಅವತ್ತು ನಾನು ಹಾಜರಿ ಬರೆಯುತ್ತಾ ಕೂತಿದ್ದೆ, ಜೈನಾಬಕ್ಕ ಉಪ್ಪಿಟ್ಟಿಗೆ ಒಗ್ಗರಣೆ ಹಾಕುತ್ತಿದ್ದಳು. ಹೊನ್ನೂರಿ ಸಾಲಿನಿಂದ ಎದ್ದು, ಕೂಸುಗಳ ಚಾಪೆಗೆ ಹೋಗಿ, ರಟ್ಟಿನ ಪುಸ್ತಕ ಎತ್ತಿಕೊಂಡು ಗೋಡೆಗೆ ಒರಗಿ ಕೂತಿದ್ದಳು. ನಾನು ತಲೆ ಎತ್ತಿದಾಗ ಪುಸ್ತಕ ಅವಳ ಕಣ್ಣಿಗೆ ಅಂಟಿಕೊಂಡಿತ್ತು. ಎಡಗಣ್ಣಿಗೆ, ಬಲಗಣ್ಣಿಗೆ, ಮೆಲ್ಲಗೆ ಕೆಳಗೆ. ನನ್ನ ಪಿತ್ತ ನೆತ್ತಿಗೇರಿತು. ಅಕ್ಷರ ಇದ್ದದ್ದಕ್ಕೂ ಒಂದೇ ಭಕ್ತಿ, ಎಂಜಲು ರಟ್ಟಿಗೂ ಅದೇ ಭಕ್ತಿ, ಇದಕ್ಕೂ ಅದಕ್ಕೂ ವ್ಯತ್ಯಾಸ ತಿಳಿಯದ ಮೇಲೆ ಏನು ಕಲಿಸಿ ಏನು ಪ್ರಯೋಜನ, ಅಂತ ಕೂಗುತ್ತಾ ಎದ್ದು ಹೋದೆ. ಆ ರಟ್ಟಿಗೆ ಯಾಕೆ ಕೈ ಮುಗೀತಿ ಅಂತ ಕೇಳಿದೆ.

ಹೊನ್ನೂರಿ ಪುಸ್ತಕ ಇಳಿಸಲಿಲ್ಲ. ಅದರ ಹಿಂದಿನಿಂದಲೇ ಹೇಳಿದಳು.

“ಕೈ ಮುಗಿಯಕತ್ತಿಲ್ರಿ. ನೋಡಕತ್ತೀನಿ.”

ಏನು ನೋಡ್ತಿ ಅಂದೆ. ನನ್ನ ದನಿ ಇನ್ನೂ ಏರಿಯೇ ಇತ್ತು.

“ಹುಂಜದ ಕಾಲು. ಮೂರು ಬಳ್ಳು ಮುಂದ ಅದಾವು. ಒಂದು ಹಿಂದ ಐತಿ.”

ಬಳ್ಳು ಅಂದರೆ ಬೆರಳು. ಹತ್ತು ತಿಂಗಳಲ್ಲಿ ಆ ಕೂಸಿನ ಬಾಯಿಂದ ಅಷ್ಟು ಉದ್ದದ ಮಾತು ನಾನು ಕೇಳಿರಲಿಲ್ಲ. ನಾನು ಬಗ್ಗಿ ನೋಡಿದೆ. ಹುಂಜದ ಕಾಲಿಗೆ ಹಿಂದೆ ಒಂದು ಬೆರಳು ಬರೆದಿದ್ದಾರೆ ಅನ್ನುವುದು ಅಲ್ಲಿಯವರೆಗೆ ನನಗೇ ಗೊತ್ತಿರಲಿಲ್ಲ.

ಒಲೆಯ ಮೇಲಿನ ಬಾಣಲೆ ಇಳಿಸಿ ಜೈನಾಬಕ್ಕ ಬಂದಳು. ಸೆರಗಿಗೆ ಕೈ ಒರೆಸಿಕೊಂಡು ಹೊನ್ನೂರಿಯ ಎದುರಿಗೆ ಕೂತು ಪುಸ್ತಕವನ್ನು ಮೆತ್ತಗೆ ಬಿಡಿಸಿಕೊಂಡಳು. ತೋಳು ಚಾಚಿ ದೂರ ಹಿಡಿದು, ಏನು ಕಾಣುತ್ತದೆ ಮಗಳೇ ಅಂತ ಕೇಳಿದಳು. ಕೆಂಪು ಅಂದಳು ಹೊನ್ನೂರಿ. ಒಂದು ಗೇಣು ಹತ್ತಿರ ತಂದಳು. ಕೆಂಪು. ಮೂಗಿಗೆ ನಾಲ್ಕು ಬೆರಳಷ್ಟು ಹತ್ತಿರ ತಂದಳು. ಆಗ ಹೊನ್ನೂರಿ ನಕ್ಕು, ಜುಟ್ಟು ಅಂದಳು. ಜೈನಾಬಕ್ಕ ನನ್ನ ಕಡೆ ತಿರುಗಿ ನೋಡಿದಳು ಅಷ್ಟೆ. ಬೈದಿದ್ದರೆ ಎಷ್ಟೋ ಚೆನ್ನಾಗಿರುತ್ತಿತ್ತು.

ನಾನು ಅಲ್ಲೇ ಚಾಪೆಯ ಮೇಲೆ ಕೂತೆ. ಅಯ್ಯೋ ಶಿವನೇ, ಆ ಕೂಸು ಒಂದು ದಿನವೂ ನಮಸ್ಕಾರ ಮಾಡಿರಲಿಲ್ಲ. ಒಂದು ಎರಡು ಮೂರು ಅನ್ನುವಷ್ಟರಲ್ಲಿ ಎಷ್ಟು ಕಂಡರೆ ಅಷ್ಟು ನೋಡಿಕೊಳ್ಳುತ್ತಿತ್ತು. ನಾನು ಅದನ್ನು ಭಕ್ತಿ ಅಂತ ಊರಿಗೆಲ್ಲ ಸಾರಿದೆ, ಮೂರು ಅಂದ ಕೂಡಲೇ ಕಿತ್ತುಕೊಂಡೆ, ಆಮೇಲೆ ಆರು ಅಡಿ ದೂರ ನಿಂತು ಇದೇನು ಹೇಳು ಅಂದೆ. ಕುಣಿಯಲಾರದವಳು ನೆಲ ಡೊಂಕು ಅಂದಳಂತೆ. ಕಲಿಸಲು ಬಾರದ ನಾನು ಕೂಸನ್ನು ದಡ್ಡಿ ಅಂದೆ.

ಮಧ್ಯಾಹ್ನ ಬಾಗಿಲು ಹಾಕಿದವಳೇ ದ್ಯಾಮಕ್ಕನ ಮನೆಗೆ ಓಡಿದೆ. ಕೂಸು ಮಂಕಲ್ಲ, ಕಣ್ಣು ಕಾಣುವುದಿಲ್ಲ, ದವಾಖಾನೆಗೆ ಹೋಗೋಣ ಅಂತ ಒಂದೇ ಉಸಿರಿಗೆ ಹೇಳಿದೆ. ದ್ಯಾಮಕ್ಕ ನನ್ನನ್ನು ಮೇಲಿನಿಂದ ಕೆಳಗೆ ನೋಡಿದಳು.

“ನಿನ್ನೆತನ ದಡ್ಡಿ ಅಂದ್ರಿ. ಇವತ್ತು ಕುರುಡಿ ಅಂತೀರಿ. ನಾಳಿಗಿ ಏನಂತೀರಿ?”

ಬೇರೆ ಯಾರಾದರೂ ಹಾಗೆ ಕೇಳಿದ್ದರೆ ಅವತ್ತು ಆ ಓಣಿ ನಡುಗಿಹೋಗುತ್ತಿತ್ತು, ಆದರೆ ಆಕೆ ಕೇಳಿದ್ದರಲ್ಲಿ ಒಂದು ಮಾತೂ ತಪ್ಪಿರಲಿಲ್ಲ. ತಪ್ಪಾಯ್ತು ದ್ಯಾಮಕ್ಕ ಅಂದೆ. ಆಕೆ ಆ ಮಾತಿಗೆ ಕಿವಿ ಕೊಡಲಿಲ್ಲ. ಅಷ್ಟರಲ್ಲಿ ಜೈನಾಬಕ್ಕ ಹಿಂದಿನಿಂದ ಹೊನ್ನೂರಿಯನ್ನು ಸೊಂಟದ ಮೇಲೆ ಹೊತ್ತುಕೊಂಡು ಬಂದಳು. ನಮ್ಮಿಬ್ಬರ ಮಾತು ನಂಬಬೇಡ, ನೀನೇ ನೋಡು, ಅಂತ ದ್ಯಾಮಕ್ಕನಿಗೆ ಹೇಳಿ ಕೂಸನ್ನು ಅಂಗಳದ ನಡುವೆ ಇಳಿಸಿದಳು.

ದ್ಯಾಮಕ್ಕ ಪಕ್ಕದ ಮನೆಯ ಇಬ್ಬರು ಹೆಣ್ಣುಮಕ್ಕಳನ್ನು ಕೈಸನ್ನೆಯಲ್ಲಿ ಕರೆದು, ಗೋಡೆಗೆ ಒರಗಿ ಸಾಲಾಗಿ ನಿಲ್ಲಿಸಿ, ತಾನು ನಡುವೆ ನಿಂತಳು. ಮೂವರದೂ ಕೂಲಿಗೆ ಉಡುವ ಮಾಸಿದ ಸೀರೆ. ಯಾರೂ ಮಾತಾಡಬಾರದು ಅಂತ ತುಟಿಯ ಮೇಲೆ ಬೆರಳಿಟ್ಟಳು. ಅಜ್ಜಿಯ ಹತ್ತಿರ ಹೋಗವ್ವ, ಅಂದಳು ಜೈನಾಬಕ್ಕ. ಹೊನ್ನೂರಿ ಮೊದಲನೆಯವಳ ಹತ್ತಿರ ಹೋಗಿ ಸೀರೆ ಹಿಡಿದಳು, ಬಿಟ್ಟಳು. ಎರಡನೆಯವಳ ಸೀರೆ ಹಿಡಿದು ಮೂಗಿನ ಹತ್ತಿರ ತಂದು, ಆಮೇಲೆ ಆ ಸೊಂಟವನ್ನು ತಬ್ಬಿಕೊಂಡಳು. ಹತ್ತೇ ಹೆಜ್ಜೆ ಆಚೆಯಿಂದ ತನ್ನನ್ನು ಹೊತ್ತು ಬೆಳೆಸಿದ ಅಜ್ಜಿ ಯಾರು ಅಂತ ಆ ಕೂಸಿಗೆ ಗೊತ್ತಾಗಿರಲಿಲ್ಲ. ದ್ಯಾಮಕ್ಕ ಅವಳನ್ನು ಎತ್ತಿಕೊಂಡು ಸೆರಗಿನಲ್ಲಿ ಮುಖ ಮುಚ್ಚಿಕೊಂಡು ಅತ್ತಳು. ನಾನೂ ಅತ್ತೆ. ದಿನಾ ಮನೆಯಲ್ಲಿ ನಾನೂ ಇದನ್ನು ಮಂಕೇ ಅಂತ ಕೂಗುತ್ತಿದ್ದೆ ಟೀಚರಮ್ಮ, ನಿಮ್ಮೊಬ್ಬರದೇ ಅಲ್ಲ, ಅಂತ ಆಕೆಯೇ ನನಗೆ ಸಮಾಧಾನ ಹೇಳಿದಳು. ಆ ದೊಡ್ಡತನಕ್ಕೆ ನಾನು ಇವತ್ತಿಗೂ ಋಣಿ. ನನ್ನನ್ನು ಅವತ್ತು ಹೊಸಿಲು ದಾಟಿಸಿ ಹೊರಗೆ ಕಳಿಸಿದ್ದರೂ ಕೇಳುವವರಿರಲಿಲ್ಲ.

ಮರುದಿನ ಹರಪನಹಳ್ಳಿ ದವಾಖಾನೆ, ಅಲ್ಲಿಂದ ಚೀಟಿ ಬರೆಸಿಕೊಂಡು ದಾವಣಗೆರೆಯ ಕಣ್ಣಿನ ಡಾಕ್ಟರು. ನಾವು ಮೂವರೂ ಹೋದೆವು, ಹೊನ್ನೂರಿ ಸರದಿಯ ಮೇಲೆ ಮೂವರ ತೊಡೆಯಲ್ಲೂ ಕೂತಳು. ಡಾಕ್ಟರಮ್ಮ ಕಣ್ಣಿಗೆ ಹನಿ ಹಾಕಿ, ಕತ್ತಲೆ ಕೋಣೆಯಲ್ಲಿ ಬಹಳ ಹೊತ್ತು ನೋಡಿದರು. ದೃಷ್ಟಿ ತುಂಬ ಕಡಿಮೆ, ಕಣ್ಣಿನ ಮುಂದಿನ ನಾಲ್ಕು ಬೆರಳು ಬಿಟ್ಟರೆ ಮಿಕ್ಕಿದ್ದೆಲ್ಲ ಮಂಜು, ಆದರೆ ಕನ್ನಡಕ ಹಾಕಿದರೆ ಚೆನ್ನಾಗಿ ಕಾಣುತ್ತದೆ, ಅಂದರು. ಇನ್ನು ಮೂರ್ನಾಲ್ಕು ವರ್ಷ ಹೀಗೇ ಬಿಟ್ಟಿದ್ದರೆ ಕನ್ನಡಕ ಹಾಕಿದರೂ ಪೂರ್ತಿ ಕಾಣುತ್ತಿರಲಿಲ್ಲ, ನೋಡುವುದನ್ನು ಕಣ್ಣು ಕಲಿಯುವ ವಯಸ್ಸು ದಾಟಿಬಿಡುತ್ತದೆ, ಅಂತಲೂ ಹೇಳಿದರು. ಇಷ್ಟು ಎಳೆಯ ಕೂಸಿನದು ಹೇಗೆ ಪತ್ತೆಯಾಯಿತು, ಟೀಚರ್ ನೀವಾ, ಅಂತ ನನ್ನನ್ನು ಕೇಳಿದರು. ನಾನಲ್ಲ, ಇವರು ಆರಿಸಿದ ಪುಸ್ತಕ, ಅಂತ ಜೈನಾಬಕ್ಕನ ಕೈ ಹಿಡಿದು ಮುಂದೆ ತಂದೆ. ಆಕೆಗೆ ಎಲ್ಲಿಲ್ಲದ ಸಂಕೋಚವಾಗಿ ಸೆರಗು ತಲೆಯ ಮೇಲೆ ಎಳೆದುಕೊಂಡಳು. ಅಷ್ಟು ಮಂದಿ ಎದುರಿಗೆ ಅಂಗಡಿಯಲ್ಲಿ ನಾನು ನಕ್ಕಿದ್ದೆನಲ್ಲ, ಅದಕ್ಕೆ ಇಷ್ಟಾದರೂ ಮಂದಿ ಎದುರಿಗೆ ಹೇಳಬೇಕಿತ್ತು.

ಕನ್ನಡಕ ತಯಾರಾಗಲು ಹದಿನೈದು ದಿನ ಬೇಕು ಅಂದರು. ಯುಗಾದಿ ಅದಕ್ಕಿಂತ ಮೊದಲೇ ಬಂತು, ಹೊನ್ನೂರಿಯ ಅಪ್ಪನೂ ಬಂದ. ಹಬ್ಬದ ಮರುದಿನ ಮಗಳನ್ನು ಕರೆದುಕೊಂಡು ಹೊರಡುವುದು ಅಂತ ಅವನ ತಯಾರಿ, ಅವಳಿಗೆ ಹೊಸ ಚಪ್ಪಲಿ ಬೇರೆ ತಂದಿದ್ದ. ನಾನು ಬೇವುಬೆಲ್ಲ ಹಿಡಿದು ಅವರ ಮನೆಗೆ ಹೋದೆ. ಗಾದಿಲಿಂಗ ಮಾತು ಕಡಿಮೆಯ ಮನುಷ್ಯ. ಕಟ್ಟೆಯ ಮೇಲೆ ಕೂತು ನೆಲ ನೋಡುತ್ತಾ ಕೇಳಿದ. ನಿಮ್ಮ ಮಗಳದೇನೂ ತಪ್ಪಿಲ್ಲ, ತಪ್ಪು ಹೇಳಿದ್ದು ನಾನು, ಪಟ್ಟಿಯಲ್ಲಿ ಅವಳ ಹೆಸರು ನಿನ್ನೆ ಬರೆದಿದ್ದೇನೆ, ದಯಮಾಡಿ ಬಿಟ್ಟು ಹೋಗ್ರಿ, ಅಂತ ಕೇಳಿಕೊಂಡೆ. ಜೀವನದಲ್ಲಿ ಯಾರಿಗೂ ದಯಮಾಡಿ ಅಂದವಳಲ್ಲ ನಾನು. ಅವನು ಬಹಳ ಹೊತ್ತು ಚಪ್ಪಲಿಯ ಉಂಗುಷ್ಟವನ್ನು ತಿರುವುತ್ತಾ ಕೂತ.

“ನಮ್ಮ ವಂಶದಾಗ ಯಾರೂ ಓದಿಲ್ರಿ ಟೀಚರಮ್ಮ. ಈಕಿ ಓದ್ತಾಳೇನ್ರಿ?”

ಓದುತ್ತಾಳೆ ಅಂದೆ. ಖಾತ್ರಿಯೇನು ಅಂತ ಅವನು ಕೇಳಲಿಲ್ಲ. ಕೇಳಿದ್ದರೆ, ನಾನು ನೋಡದ ಹುಂಜದ ಹಿಂಬೆರಳನ್ನು ನಿನ್ನ ಮಗಳು ನೋಡಿದ್ದಾಳೆ ಅನ್ನುತ್ತಿದ್ದೆ. ಮರುದಿನ ಬೆಳಗಿನ ಬಸ್ಸಿಗೆ ಅವನು ಒಬ್ಬನೇ ಹೋದ. ಹೊಸ ಚಪ್ಪಲಿ ಇಲ್ಲೇ ಉಳಿದವು.

ಆ ನಡುವಿನ ದಿನಗಳಲ್ಲಿ ನಾನು ಟ್ರಂಕಿನ ಬೀಗ ತೆಗೆದೆ. ಎಣಿಸುವುದನ್ನು ಬಿಟ್ಟೆ. ಪುಸ್ತಕಗಳನ್ನೆಲ್ಲ ಚಾಪೆಯ ಮೇಲೆ ಹರಡಿ, ಯಾವುದು ಬೇಕೋ ತಗೊಳ್ಳಿ ಅಂದು ದೂರ ಕೂತು ನೋಡಿದೆ. ನನ್ನ ಹದಿನಾರು ಚಿತ್ರದ ಪುಸ್ತಕಗಳನ್ನು ಮಕ್ಕಳು ಒಂದು ಸಲ ತೆರೆದು ಮುಚ್ಚಿದವು. ರಾಜರ ಕಥೆಗಳ ಮೇಲೆ ಒಂದು ಕೂಸು ಮಲಗಿತು. ಜಗಳ ಬಿದ್ದದ್ದು ರಟ್ಟಿನ ಪುಸ್ತಕಕ್ಕೆ. ಕೊನೆಗೆ ಜೈನಾಬಕ್ಕ ಅದನ್ನು ನಡುವೆ ಇಟ್ಟಳು. ಆರು ಮಕ್ಕಳು ಸುತ್ತ ಬೋರಲು ಮಲಗಿ, ಹುಂಜ ಯಾಕೆ ಕೂಗುತ್ತದೆ, ಚೊಂಬಿನಲ್ಲಿ ನೀರಿದೆಯೋ ಮಜ್ಜಿಗೆ ಇದೆಯೋ ಅಂತ ಮಾತಾಡಿಕೊಂಡವು. ಅಕ್ಷರವಿಲ್ಲದ್ದರಿಂದಲೇ ಅಲ್ಲಿ ಅಷ್ಟು ಮಾತು. ನಾನು ಜಮಾಲಣ್ಣನ ಅಂಗಡಿಗೆ ಹೋಗಿ ನೀತಿ ಕಥೆಗಳನ್ನು ವಾಪಸು ಕೊಟ್ಟು, ಅಂಥವೇ ಇನ್ನು ನಾಲ್ಕು ಎಲ್ಲಿಂದಲಾದರೂ ತರಿಸಿಕೊಡ್ರಿ ಅಂದೆ. ಈ ಸಲ ಜೈನಾಬಕ್ಕ ಆರಿಸಿದಳು, ಗಂಟು ನಾನು ಹೊತ್ತೆ. ಈಗ ಯಾರಾದರೂ ಕೇಳಿದರೆ ನಾನು ಹೇಳುವುದು ಇಷ್ಟೇ. ಪುಸ್ತಕವನ್ನು ನಿಮ್ಮ ಕಣ್ಣಿನಿಂದ ನೋಡಬೇಡಿ, ನೆಲದ ಮೇಲೆ ಕೂತು ಕೂಸಿನ ಕಣ್ಣಿನಿಂದ ನೋಡ್ರಿ. ಆಮೇಲೆ ಅದನ್ನು ಕೂಸಿನ ಕೈಗೆ ಕೊಟ್ಟು, ಅದು ಏನು ಮಾಡುತ್ತದೆ ಅಂತ ಬಾಯಿ ಮುಚ್ಚಿಕೊಂಡು ನೋಡ್ರಿ. ಬಾಯಿ ಮುಚ್ಚಿಕೊಳ್ಳುವುದೇ ಕಷ್ಟದ ಕೆಲಸ, ನನ್ನಂಥವರಿಗೆ ಇನ್ನೂ ಕಷ್ಟ.

ಯುಗಾದಿ ಆದ ಮುಂದಿನ ವಾರ ಕನ್ನಡಕ ಬಂತು. ದಪ್ಪ ಗಾಜು, ಕಂದು ಬಣ್ಣದ ಕಟ್ಟು, ಜಾರದಂತೆ ದ್ಯಾಮಕ್ಕ ಹಿಂದೆ ಕಪ್ಪು ದಾರ ಕಟ್ಟಿದ್ದಳು. ಹೊನ್ನೂರಿ ಅಜ್ಜಿಯ ಕೈ ಬಿಟ್ಟು ಒಬ್ಬಳೇ ಹೊಸಿಲು ದಾಟಿ ಒಳಗೆ ಬಂದಳು. ಮಕ್ಕಳೆಲ್ಲ ಗದ್ದಲ ಮಾಡಿ ಮುತ್ತಿದವು, ಜೈನಾಬಕ್ಕ ಒಬ್ಬೊಬ್ಬರನ್ನೇ ಸರಿಸಿ ಅವಳನ್ನು ಜಾಗಕ್ಕೆ ಕೂರಿಸಿದಳು. ಹಿಂದೆ ಮಾಡುತ್ತಿದ್ದಂತೆ ನಾನು ಎದುರಿಗೆ ನಿಂತೆ, ರಟ್ಟಿನ ಪುಸ್ತಕ ತೆರೆದು ಎತ್ತಿ ಹಿಡಿದೆ. ನೋಡವ್ವ ಹೊನ್ನೂರಿ, ಇದೇನು, ಅಂದೆ.

ಅವಳು ಪುಸ್ತಕ ನೋಡುತ್ತಿರಲಿಲ್ಲ. ನನ್ನನ್ನು ನೋಡುತ್ತಿದ್ದಳು.

“ಟೀಚರಮ್ಮ, ನಿಮ್ಮ ಗದ್ದದ ಮ್ಯಾಲೆ ಮಚ್ಚಿ ಐತಿ.”

ಮಕ್ಕಳು ನಕ್ಕವು. ನನ್ನ ಕೈ ತಾನಾಗೇ ಗದ್ದಕ್ಕೆ ಹೋಯಿತು. ಆ ಮಚ್ಚೆ ಹುಟ್ಟಿದಾಗಿನಿಂದ ಇದೆ, ಅವರೆಕಾಳಿನಷ್ಟು ದೊಡ್ಡದು, ಊರಿನಲ್ಲಿ ನಾಲ್ಕು ಜನ ನಾಗಲಿಂಗಮ್ಮ ಇರುವುದರಿಂದ ನನ್ನನ್ನು ಮಚ್ಚೆ ನಾಗಲಿಂಗಮ್ಮ ಅಂತಲೇ ಗುರುತಿಸುತ್ತಾರೆ. ಹತ್ತು ತಿಂಗಳು ಆರು ಅಡಿ ದೂರದಲ್ಲಿ ಕೂತ ಕೂಸು ಅದನ್ನು ಇವತ್ತು ಮೊದಲ ಸಲ ನೋಡಿತ್ತು. ಮಚ್ಚೆ ಅಂದರೇನು, ನನ್ನ ಮುಖವನ್ನೇ ಅದು ನೋಡಿರಲಿಲ್ಲ. ಒಂದೇ ಒಂದು ದಿನ ಹತ್ತಿರ ಕರೆದು ತೊಡೆಯ ಮೇಲೆ ಕೂರಿಸಿಕೊಂಡಿದ್ದರೆ ಕಾಣುತ್ತಿತ್ತು, ನಾನು ಕರೆದಿರಲಿಲ್ಲ. ಅಷ್ಟು ದಿನ ಆ ಕೂಸಿಗೆ ಟೀಚರಮ್ಮ ಅಂದರೆ ಮುಖವಿಲ್ಲದ ಒಂದು ಬೈಗುಳ.

ಪುಸ್ತಕ ಕೆಳಗಿಟ್ಟು ಅವಳ ಎದುರಿಗೆ ನೆಲದ ಮೇಲೆ ಕೂತೆ. ನೋಡಿಕೋ ಅಂದೆ. ಹೊನ್ನೂರಿ ಕನ್ನಡಕ ಸರಿ ಮಾಡಿಕೊಂಡು ನೋಡಿದಳು. ಹಣೆ ನೋಡಿದಳು, ಮೂಗುಬೊಟ್ಟು ನೋಡಿದಳು, ಕಣ್ಣಿಂದ ಇಳಿಯುತ್ತಿದ್ದ ನೀರನ್ನೂ ನೋಡಿರಬೇಕು. ನಾನು ಅಲ್ಲಾಡಲಿಲ್ಲ. ಆಮೇಲೆ ಅವಳು ತಿರುಗಿ, ಒಲೆಯ ಮುಂದಿದ್ದ ಜೈನಾಬಕ್ಕನಿಗೆ ಏನೋ ದೊಡ್ಡ ಸುದ್ದಿ ಹೇಳುವವಳಂತೆ ಹೇಳಿದಳು.

“ಬೀ, ಟೀಚರಮ್ಮಂದು ಸಿಟ್ಟಿನ ಮಕ ಅಲ್ಲ.”

ಆ ಮಾತಿಗೆ ಅವತ್ತು ನಾನು ಯೋಗ್ಯಳಾಗಿರಲಿಲ್ಲ. ಆದರೂ ಕೊಟ್ಟಳು, ತೆಗೆದುಕೊಂಡೆ. ಅದನ್ನು ಸುಳ್ಳು ಮಾಡಬಾರದು ಅಂತ ದಿನಾ ಬೆಳಿಗ್ಗೆ ಬಾಗಿಲು ತೆಗೆಯುವಾಗ ಇವತ್ತಿಗೂ ಹೆಣಗುತ್ತೇನೆ.